ಕಾಯುವವರ ಕಡೆ

ಖರ್ಜೂರದ ಪೆಟ್ಟಿಗೆಯ ಮೇಲಿನ ತೆಳುಹಾಳೆಯನ್ನು ಸರಿಸಿದೊಡನೆ ಏಳುವ ಒಂದು ಪರಿಮಳವಿದೆ. ಆಲೆಮನೆಯಲ್ಲಿ ಪಾಕ ಹದಕ್ಕೆ ಬರುವ ಸ್ವಲ್ಪ ಮುಂಚೆ ಗಾಳಿಯಲ್ಲಿ ತೇಲುವ ಸಿಹಿಗೆ ಅದು ಹತ್ತಿರ. ಆದರೆ ಅದರೊಳಗೆ ಒಣಗಿದ ಎಲೆಯ, ಹಳೆಯ ಮರದ ಒಂದು ಎಳೆಯೂ ಸೇರಿಕೊಂಡಿರುತ್ತದೆ. ಮೊನ್ನೆ ಶಿಕಾಗೋ ಬಳಿಯ ಗ್ಲೆಂಡೇಲ್ ಹೈಟ್ಸ್‌ನ ದಿನಸಿ ಅಂಗಡಿಗೆ ಸೊಸೆಯೊಡನೆ ಹೋಗಿದ್ದೆ. ಅವಳು ತೊಗರಿಬೇಳೆಯ ಚೀಲಗಳ ಮುಂದೆ ನಿಂತಿದ್ದಳು. ನಾನು ತಳ್ಳುಗಾಡಿಯ ಹಿಡಿಯನ್ನೇ ಊರುಗೋಲಾಗಿಸಿಕೊಂಡು ಹಿಂದೆ ನಿಂತಿದ್ದೆ. ಅಂಗಡಿಯಾತ ಹೊಸದಾಗಿ ಬಂದ ಖರ್ಜೂರದ ಪೆಟ್ಟಿಗೆಯೊಂದನ್ನು ಬಿಚ್ಚಿದ. ಆದದ್ದು ಅಷ್ಟೇ. ಆ ಪರಿಮಳದ ಬೆನ್ನಿಗೆ ಹಿಮದಲ್ಲಿ ನೆನೆದ ಉಣ್ಣೆಯ ಕೋಟಿನ ವಾಸನೆ ಬಂದಿತು. ನೆಲಮಾಳಿಗೆಯಲ್ಲಿ ಮನೆ ಬಿಸಿಮಾಡುವ ಫರ್ನೇಸ್ ಹೊತ್ತಿಕೊಳ್ಳುವಾಗಿನ ಗುಮ್ಮೆಂಬ ಸದ್ದು ಬಂದಿತು. ಸಾವಿರಾರು ಕಂಠಗಳು ಒಂದೇ ಪದವನ್ನು ಎರಡಾಗಿ ಮುರಿದು ‘ಡಿ-ಫೆನ್ಸ್, ಡಿ-ಫೆನ್ಸ್’ ಎಂದು ಕೂಗುವ ಘೋಷ ಬಂದಿತು. ಎಲ್ಲಕ್ಕೂ ಕೊನೆಯಲ್ಲಿ, ಮಿಷಿಗನ್ನಿನ ಕ್ಯಾಂಟನ್‌ನಲ್ಲಿ ಒಂದು ಕಾಲಕ್ಕೆ ನಮ್ಮದಾಗಿದ್ದ ಆ ಮನೆ, ದೀಪಗಳೆಲ್ಲ ಒಮ್ಮೆಗೇ ಹೊತ್ತಿಕೊಂಡಂತೆ, ಇಡಿಯಾಗಿ ಕಣ್ಣಮುಂದೆ ನಿಂತಿತು. ನನ್ನ ತುಟಿಗಳು ತಮ್ಮಷ್ಟಕ್ಕೆ ಅಲುಗತೊಡಗಿದವು. ಏತಕ್ಕೆಂದು ನನಗೇ ತಿಳಿಯಲಿಲ್ಲ.

ಮನುಷ್ಯನಿಗೆ ಬಾಲ್ಯವೆಂಬುದು ಒಂದೇ ಎಂದು ನಿಮ್ಮಂತೆ ನಾನೂ ನಂಬಿದ್ದೆ. ನನಗೆ ಎರಡು ದೊರೆತವು. ಮೊದಲನೆಯದು ಹಾಸನದ ಕಡೆಯ ಒಂದು ಬಸದಿಯ ಬೀದಿಯಲ್ಲಿ, ತಂದೆಯವರ ಮುಂದೆ ಪದ್ಮಾಸನ ಹಾಕಿ ಕುಳಿತು ಹಳಗನ್ನಡದ ಪದ್ಯಗಳನ್ನೂ ಪ್ರಾಕೃತದ ಗಾಹೆಗಳನ್ನೂ ಕಂಠಪಾಠ ಮಾಡುತ್ತ ಕಳೆಯಿತು. ಎರಡನೆಯದು ತೊಂಬತ್ತರ ದಶಕದ ಕೊನೆಯ ವರ್ಷಗಳಲ್ಲಿ, ಪಾಠ ಹೇಳುವ ವೃತ್ತಿಯಿಂದ ನಿವೃತ್ತನಾಗಿ, ಮಡದಿ ಚಂದ್ರಮತಿಯೊಡನೆ ಮಗ ಅಜಿತನ ಮನೆಗೆ ಬಂದ ಮೇಲೆ ಆರಂಭವಾಯಿತು. ಜೀವಮಾನವೆಲ್ಲ ವ್ಯಾಕರಣ ಕಲಿಸಿದ ನನಗೆ ಅಲ್ಲಿ ಬಿಸಿನೀರಿನ ನಲ್ಲಿ ಯಾವ ಕಡೆಗೆ ತಿರುಗುತ್ತದೆಂಬುದು ತಿಳಿಯದು. ರಸ್ತೆ ದಾಟಲು ಬಾರದು. ಎದುರುಮನೆಯಾತ ನಕ್ಕು ಏನೋ ಕೇಳಿದರೆ ಉತ್ತರಿಸಲು ಬಾರದು. ಮೊಮ್ಮಗಳು ಪದ್ಮಶ್ರೀ, ನಾವೆಲ್ಲ ಪದ್ಮಿ ಎನ್ನುತ್ತಿದ್ದ ಹನ್ನೊಂದರ ಬಾಲೆ, ನನ್ನ ಗುರುವಾದಳು. ತಂದೆತಾಯಿಗೆ ಇಂಗ್ಲಿಷಿನಲ್ಲಿಯೇ ಉತ್ತರ ಕೊಡುವ ಆ ಮಗು ನನಗಾಗಿ ಮಾತ್ರ ತನ್ನಲ್ಲಿದ್ದ ಅಷ್ಟಿಷ್ಟು ಕನ್ನಡವನ್ನು ಕೂಡಿಸಿ ಮಾತನಾಡುತ್ತಿದ್ದಳು. ಹಿಮ ಬಿದ್ದ ದಿನ ನಾನು ಮೆಟ್ಟಿಲ ಮೇಲೆ ಕಾಲು ನೀಡಿ ಕುಳಿತರೆ ಅವಳೇ ಬೂಟಿನ ದಾರ ಬಿಗಿದು, “ತಾತ, ಮಂಜು ಬ್ಲ್ಯಾಕ್ ಇದ್ರೆ ಅದು ಐಸ್, ಅಲ್ಲಿ ಕಾಲಿಡಬೇಡಿ” ಎಂದು ಎಚ್ಚರಿಸುತ್ತಿದ್ದಳು. ಆ ಮನೆಯಲ್ಲಿ ಎಲ್ಲರಿಗಿಂತ ಚಿಕ್ಕವನು ನಾನೇ ಆಗಿದ್ದೆ. ಆದಕಾರಣ ಆ ದಿನಗಳನ್ನು ನನ್ನ ಬಾಲ್ಯವೆಂದೇ ಎಣಿಸುತ್ತೇನೆ. ಬಾಲ್ಯದಲ್ಲಾಗುವಂತೆಯೇ, ಅಲ್ಲಿ ಹಿರಿಯರ ನಡುವೆ ನಡೆದದ್ದರಲ್ಲಿ ಅರ್ಧದಷ್ಟು ನನಗೆ ಅರ್ಥವಾಗಲಿಲ್ಲ.

ಆ ಬಡಾವಣೆಯ ಎಲ್ಲ ಮನೆಗಳಂತೆ ನಮ್ಮ ಮನೆಯಲ್ಲಿಯೂ ಅಡುಗೆಮನೆಗೂ ಕೂಡುವ ಕೋಣೆಗೂ ನಡುವೆ ಗೋಡೆಯಿರಲಿಲ್ಲ. ಪಾತ್ರೆ ತೊಳೆಯುವ ಜಾಗದಲ್ಲಿ ನಿಂತವರಿಗೆ ಟೀವಿಯ ಮುಂದೆ ಕುಳಿತವರ ತಲೆಗಳೆಲ್ಲ ಕಾಣುತ್ತಿದ್ದವು. ಈಶಾನ್ಯದ ಮೂಲೆಯಲ್ಲಿ ಒಂದು ಪುಟ್ಟ ಮಂಟಪ. ಅದರಲ್ಲಿ ನನ್ನ ತಂದೆಯವರು ಪೂಜಿಸುತ್ತಿದ್ದ ಬೆರಳುದ್ದದ ಕಂಚಿನ ಜಿನಬಿಂಬ. ಆ ಮೂಲೆಯ ಕಡೆಗೇ ಮುಖಮಾಡಿ, ಪಕ್ಕದ ಓದುವ ಕೋಣೆಯಲ್ಲಿ ಚಾಪೆ ಹಾಸಿ ನಮಾಜು ಮಾಡುತ್ತಿದ್ದ ಇನ್ನೊಬ್ಬರೂ ನಮ್ಮ ಮನೆಗೆ ಸೇರಿದವರಂತಿದ್ದರು. ಅವರು ನಜೀರ್ ಸಾಹೇಬರು, ಹುಬ್ಬಳ್ಳಿಯವರು, ಎರಡು ಮೈಲಿ ದೂರದಲ್ಲಿ ದಿನಸಿ ಅಂಗಡಿ ಇಟ್ಟಿದ್ದರು. ಮೆಕ್ಕಾ ಇಲ್ಲಿಂದ ಈಶಾನ್ಯಕ್ಕೆ ಬೀಳುತ್ತದೆಂದು ಪದ್ಮಿಯೇ ಭೂಗೋಳ ತಿರುಗಿಸಿ ಅವರಿಗೆ ತೋರಿಸಿದ್ದಳು. “ನೋಡ್ರಿ ಪಂಡಿತ್ರ, ಇಷ್ಟ್ ದೂರ ಬಂದು ನಾವಿಬ್ರೂ ಒಂದ ಮೂಲಿಗೆ ನಿಂತೇವಿ” ಎಂದು ಅವರು ಗಡ್ಡ ನೀವಿಕೊಂಡು ನಕ್ಕಿದ್ದರು. ಆ ಚಳಿಗಾಲ ಅವರ ಪತ್ನಿ ಮಗಳ ಬಾಣಂತನಕ್ಕೆಂದು ಹುಬ್ಬಳ್ಳಿಗೆ ಹೋಗಿದ್ದರು. ರಂಜಾನ್ ತಿಂಗಳಲ್ಲಿ ಒಬ್ಬಂಟಿಯಾಗಿ ಉಪವಾಸ ಬಿಡಬಾರದೆಂದು ಸೊಸೆ ಸುಜಾತಾ ಅವರನ್ನು ನಿತ್ಯ ನಮ್ಮಲ್ಲಿಗೇ ಕರೆಯುತ್ತಿದ್ದಳು.

ಆ ಸಂಜೆಗಳನ್ನು ನೆನೆದರೆ ಇಂದಿಗೂ ನನ್ನ ಮನಸ್ಸು ತೊಯ್ಯುತ್ತದೆ. ಸೂರ್ಯ ಮುಳುಗಿದ ಮೇಲೆ ನಾನೂ ಚಂದ್ರಮತಿಯೂ ಹನಿ ನೀರನ್ನೂ ಮುಟ್ಟುವವರಲ್ಲ. ಸೂರ್ಯ ಮುಳುಗುವವರೆಗೆ ನಜೀರ್ ಸಾಹೇಬರು ಹನಿ ನೀರನ್ನೂ ಮುಟ್ಟುವವರಲ್ಲ. ಜನವರಿಯ ಸೂರ್ಯ ಅಲ್ಲಿ ಬಹುಬೇಗ ಇಳಿಯುತ್ತಿದ್ದ. ಊಟದ ಮೇಜಿನ ಈಚೆ ನಾವು ಕೊನೆಯ ತುತ್ತು ಮುಗಿಸಿ ಕೈ ತೊಳೆಯುವ ಹೊತ್ತಿಗೆ ಆಚೆ ಅವರು ಖರ್ಜೂರದ ಪೆಟ್ಟಿಗೆಯ ಹಾಳೆ ಸರಿಸುತ್ತಿದ್ದರು. ಕಿಟಕಿಯಾಚೆ, ಎದುರುಮನೆಯ ಗ್ಯಾರೇಜಿನ ಮಾಡಿನ ಅಂಚನ್ನು ಬೆಳಕು ಬಿಟ್ಟುಹೋಗುವುದನ್ನು ಇಬ್ಬರೂ ಒಟ್ಟಿಗೆ ನೋಡುತ್ತಿದ್ದೆವು. “ನಿಮ್ಮದು ಮುಗೀತು, ನಮ್ಮದು ಸುರು” ಎನ್ನುತ್ತಿದ್ದರು ಅವರು. ಈರುಳ್ಳಿ ಬೆಳ್ಳುಳ್ಳಿಯಿಲ್ಲದ, ನೆಲದೊಳಗಿನ ಗೆಡ್ಡೆಯೊಂದೂ ಇಲ್ಲದ ನಮ್ಮ ಅಡುಗೆಯನ್ನು ದಿನವಿಡೀ ಹಸಿದ ಆ ಮನುಷ್ಯ ಪ್ರಸಾದದಂತೆ ಉಣ್ಣುತ್ತಿದ್ದರು. ಉಣ್ಣುವವರನ್ನೂ ಉಂಡು ಮುಗಿಸಿದವರನ್ನೂ ಒಂದೇ ಮೇಜು ಹೊತ್ತಿತ್ತು.

ಆ ಚಳಿಗಾಲದಲ್ಲಿಯೇ ಮನೆಯೊಳಗೆ ಒಂದು ಮೌನ ಸೇರಿಕೊಂಡಿತು. ಅದರ ಕಾರಣವನ್ನು ನನಗೆ ಪದ್ಮಿಯೇ ಹೇಳಬೇಕಾಯಿತು. ಸುಜಾತಾ ಬೆಂಗಳೂರಿನಲ್ಲಿ ಔಷಧಶಾಸ್ತ್ರ ಓದಿದವಳು. ಈ ದೇಶಕ್ಕೆ ಬಂದ ಮೇಲೆ ಆ ಓದು ಇಲ್ಲಿ ಸಲ್ಲದೆಂದು ತಿಳಿದು, ಮಗುವನ್ನು ಬೆಳೆಸುತ್ತ, ನಮ್ಮನ್ನು ನೋಡಿಕೊಳ್ಳುತ್ತ, ಅಡುಗೆಯ ಒಲೆಯ ಪಕ್ಕದಲ್ಲಿಯೇ ಪುಸ್ತಕ ತೆರೆದಿಟ್ಟು ಇಲ್ಲಿನ ಪರೀಕ್ಷೆಗಳನ್ನೆಲ್ಲ ಮತ್ತೊಮ್ಮೆ ಬರೆದಿದ್ದಳು. ಈಗ ಶಿಕಾಗೋ ಬಳಿಯ ಒಂದು ಆಸ್ಪತ್ರೆಯಲ್ಲಿ ಅವಳಿಗೆ ಕೆಲಸ ದೊರೆತಿತ್ತು. ಅಜಿತನ ಕೆಲಸ ಆಬರ್ನ್ ಹಿಲ್ಸ್‌ನ ಕಾರು ಕಂಪೆನಿಯಲ್ಲಿ. ಒಂದೂರಿಗೂ ಇನ್ನೊಂದಕ್ಕೂ ಕಾರಿನಲ್ಲಿ ಐದು ತಾಸಿನ ಹಾದಿ. ಅವಳು ಹೋಗುವುದಾದರೆ ಪದ್ಮಿಯನ್ನು ಕರೆದುಕೊಂಡು ಗ್ಲೆಂಡೇಲ್ ಹೈಟ್ಸ್‌ನಲ್ಲಿ ಮನೆಮಾಡಬೇಕು. ಅಜಿತನೂ ನಾವೂ ಕ್ಯಾಂಟನ್‌ನಲ್ಲಿಯೇ ಉಳಿಯಬೇಕು. ಬೇಡವೆಂದು ಅಜಿತ ಬಾಯಿಬಿಟ್ಟು ಹೇಳಲಿಲ್ಲ, ಹೋಗು ಎಂದೂ ಹೇಳಲಿಲ್ಲ. ಸುಜಾತಾ ಹೋಗುತ್ತೇನೆನ್ನಲಿಲ್ಲ, ಬಿಡುತ್ತೇನೆಂದೂ ಅನ್ನಲಿಲ್ಲ. ಒಂದೇ ಹಾಸಿನ ಎರಡು ತುದಿಗಳನ್ನು ಇಬ್ಬರೂ ಹಿಡಿದು ನಿಂತಂತಿತ್ತು. ಎಳೆಯುವವರೂ ಇಲ್ಲ, ಬಿಡುವವರೂ ಇಲ್ಲ. ಚಂದ್ರಮತಿಯನ್ನು ಕೇಳಿದರೆ ಅವಳು, “ದೊಡ್ಡವರ ವಿಷಯ, ನಮಗೇಕೆ?” ಎಂದಳು. ನಾವು ಇನ್ನೆಷ್ಟು ದೊಡ್ಡವರಾಗಬೇಕಿತ್ತೋ ತಿಳಿಯದು.

ಈ ದೇಶದಲ್ಲಿ ಆಗೆಲ್ಲ ಜನವರಿಯ ಕೊನೆಗೆ ಒಂದು ಭಾನುವಾರ ಬರುತ್ತಿತ್ತು. ಅಂದು ಇಲ್ಲಿಯವರ ಫುಟ್‌ಬಾಲಿನ ಕೊನೆಯ ಪಂದ್ಯ, ಚಾಂಪಿಯನ್ನರನ್ನು ನಿರ್ಣಯಿಸುವ ಫೈನಲ್. ಕಾಲಿನಲ್ಲಿ ಆಡುವುದು ಕಡಿಮೆಯಾದ ಈ ಆಟಕ್ಕೆ ಆ ಹೆಸರೇಕೆಂಬುದರಿಂದಲೇ ನನ್ನ ಗೊಂದಲ ಆರಂಭವಾಗುತ್ತಿತ್ತು. ಬೀದಿಗಳು ನಿರ್ಜನವಾಗುತ್ತಿದ್ದವು, ನಜೀರ್ ಸಾಹೇಬರೂ ಅಂದು ಅಂಗಡಿಯನ್ನು ಬೇಗ ಮುಚ್ಚುತ್ತಿದ್ದರು. ಆ ವರ್ಷ ಆಡಿದ ತಂಡಗಳೆರಡೂ ನಮಗೆ ಸಂಬಂಧಿಸಿದ ಊರಿನವಲ್ಲ. ಒಂದರ ಅಂಗಿ ಬಿಳಿ, ಇನ್ನೊಂದರದು ನೀಲಿ. ನನ್ನ ತಿಳಿವಳಿಕೆ ಅಲ್ಲಿಗೆ ನಿಲ್ಲುತ್ತಿತ್ತು. ಪದ್ಮಿ ಬಿಳಿಯವರನ್ನು ಆರಿಸಿಕೊಂಡಿದ್ದಳು. ಏಕೆಂದು ಕೇಳಿದ್ದಕ್ಕೆ, “ಅವರು ಯಾರನ್ನೂ ಅವರ ಮನೆ ಒಳಗೆ ಬಿಡಲ್ಲ ತಾತ” ಎಂದಳು. ಅಂದು ಸಂಜೆ ನಾವು ಕೊನೆಯ ತುತ್ತುಗಳಲ್ಲಿದ್ದಾಗ, ತಟ್ಟೆಯಲ್ಲಿ ಬೆರಳಾಡಿಸುತ್ತಿದ್ದ ಮಗು ತಂದೆಯನ್ನು ಥಟ್ಟನೆ ಕೇಳಿತು: ನಾವು ಹೋಗುತ್ತೇವೆಯೋ ಇಲ್ಲವೋ. ಅಜಿತನ ಮುಖ ಒಂದು ಕ್ಷಣ ಬಿಳಿಚಿತು. ಬಳಿಕ, ಮಕ್ಕಳನ್ನು ಸಮಾಧಾನಪಡಿಸುವ ಧಾಟಿಯಲ್ಲಿ ನಕ್ಕುಬಿಟ್ಟ.

“ಇವತ್ತು ವೈಟ್ ಟೀಮ್ ಗೆದ್ರೆ ಯಾರೂ ಎಲ್ಲಿಗೂ ಹೋಗಲ್ಲ. ಸರೀನಾ?”

“ಪ್ರಾಮಿಸ್?”

“ಪ್ರಾಮಿಸ್.”

“ನೋಡ್ರಿ ಅಜಿತ್,” ಎಂದರು ನಜೀರ್ ಸಾಹೇಬರು, ಖರ್ಜೂರವೊಂದನ್ನು ಬೆರಳಲ್ಲಿ ಹಿಡಿದು ಬೆಳಕು ಆರುವುದನ್ನೇ ಕಾಯುತ್ತ, “ರೋಜಾ ಇದ್ದ ಮನಷ್ಯಾನ ಮುಂದ ಮಾತು ಕೊಟ್ಟೀರಿ. ಆಮ್ಯಾಲ ಚ್ಯಾಷ್ಟಿ ಮಾಡಿದ್ನಿ ಅನ್ನಂಗಿಲ್ಲ.”

ಎಲ್ಲರೂ ನಕ್ಕರು. ನಾನು ನಗಲಿಲ್ಲ. ಅನ್ನದ ಮುಂದೆ, ಅತಿಥಿಯ ಎದುರಿನಲ್ಲಿ, ಸಂಧ್ಯಾಕಾಲದಲ್ಲಿ ಆಡಿದ ಮಾತು ಹಾಸ್ಯವಾಗಿದ್ದರೂ ಮಾತೇ ಎಂದು ನನ್ನನ್ನು ಬೆಳೆಸಿದವರು ಕಲಿಸಿದ್ದರು. ಪದ್ಮಿಯೂ ನಗಲಿಲ್ಲ. ಸುಜಾತಾ ನಮಗೆ ಬೆನ್ನುಮಾಡಿ ಒಲೆಯ ಮುಂದೆ ನಿಂತಿದ್ದಳು. ಒಗ್ಗರಣೆಯ ಸದ್ದಿನಲ್ಲಿ ಅವಳಿಗೆ ಅದು ಕೇಳಿಸಿತೋ ಇಲ್ಲವೋ ಹೇಳಲಾರೆ.

ನಮಾಜು ಮುಗಿಸಿ ಬಂದ ನಜೀರ್ ಸಾಹೇಬರು ಸೋಫಾದಲ್ಲಿ ನನ್ನ ಪಕ್ಕ ಕುಳಿತು ವ್ಯಾಖ್ಯಾನಕಾರರಾದರು. “ಕಬಡ್ಡಿ ಅಂತ ತಿಳ್ಕೋರಿ ಪಂಡಿತ್ರ. ಚೆಂಡು ಹಿಡದಾಂವ ದಾಳಿಗೆ ಬಂದಾಂವ. ನಾಕ ಸಲದಾಗ ಹತ್ತು ಗಜ ಮುಂದ ಹೋಗಬೇಕು. ಆಗಲಿಲ್ಲಂದ್ರ ಚೆಂಡು ಅವರ ಕೈಗೆ.” ಹಾಗಾದರೆ ಈಗ ದಾಳಿ ಮಾಡುತ್ತಿದ್ದವರೇ ಮರುಕ್ಷಣ ಕೋಟೆ ಕಾಯುವವರಾಗುತ್ತಾರೆಯೇ ಎಂದು ನಾನು ಕೇಳಿದೆ. ಪದ್ಮಿ ತಿದ್ದಿದಳು: ದಾಳಿಗೆ ಬೇರೆ ಜನ, ಕಾವಲಿಗೆ ಬೇರೆ ಜನ, ಚೆಂಡು ಕೈಬದಲಾದಾಗ ಜನರೂ ಬದಲಾಗುತ್ತಾರೆ. ನನ್ನ ಗೊಂದಲ ಇನ್ನಷ್ಟು ಬೆಳೆಯಿತು. ನಾನು ಓದಿದ ಯುದ್ಧಗಳಲ್ಲಿ ಮುತ್ತಿಗೆ ಹಾಕಿದವನು ಕಾವ್ಯದ ಕೊನೆಯ ಆಶ್ವಾಸದವರೆಗೆ ಮುತ್ತಿಗೆ ಹಾಕಿದವನೇ. ನಮ್ಮ ಪುರಾಣದಲ್ಲಿ ಅಣ್ಣತಮ್ಮಂದಿರಿಬ್ಬರು, ಅಸಂಖ್ಯ ಸೈನಿಕರ ನೆತ್ತರು ಹರಿಯುವುದು ಬೇಡವೆಂದು, ಸೈನ್ಯಗಳನ್ನು ಬದಿಗೆ ನಿಲ್ಲಿಸಿ ತಾವಿಬ್ಬರೇ ದೃಷ್ಟಿಯಿಂದಲೂ ಜಲದಿಂದಲೂ ಮಲ್ಲಯುದ್ಧದಿಂದಲೂ ಸೆಣಸಿದರು. ಇದೂ ಅಂತಹುದೊಂದು ಅಹಿಂಸೆಯ ಯುದ್ಧವಿರಬಹುದೆಂದು ನಾನು ಸಮಾಧಾನ ತಂದುಕೊಂಡೆ. ಆದರೆ ಅಷ್ಟರಲ್ಲಿ ಗೂಳಿಯಂತಹ ನಾಲ್ವರು ಒಬ್ಬನ ಮೇಲೆ ಬಿದ್ದರು. ಚಂದ್ರಮತಿ ಜಪಮಾಲೆಯನ್ನು ಮಡಿಲಿಗಿಳಿಸಿ, “ಎದ್ದನಾ?” ಎಂದಳು. ಅವನು ಎದ್ದನೆಂದು ಪದ್ಮಿ ಹೇಳಿದ ಮೇಲೆಯೇ ಅವಳ ಮಣಿ ಮುಂದೆ ಸರಿಯಿತು. ಆ ಸಂಜೆಯೆಲ್ಲ ಅವಳಿಗೆ ಆಟದಲ್ಲಿ ತಿಳಿಯಬೇಕಾಗಿದ್ದದ್ದು ಅದೊಂದೇ.

ಪಂದ್ಯ ನಡೆಯುತ್ತಿತ್ತು, ಆದರೆ ಏನೂ ಆಗುತ್ತಿರಲಿಲ್ಲ. ನೀಲಿಯವರು ನಾಲ್ಕು ಹೆಜ್ಜೆ ಬರುವರು, ಬಿಳಿಯವರು ಒತ್ತಿ ನಿಲ್ಲಿಸುವರು. ನೀಲಿಯವರು ಚೆಂಡನ್ನು ದೂರಕ್ಕೆ ಒದ್ದುಬಿಡುವರು. ಬಿಳಿಯವರು ನಾಲ್ಕು ಹೆಜ್ಜೆ ಹೋಗುವರು, ನೀಲಿಯವರು ಬಂಡೆಯಂತೆ ನಿಲ್ಲುವರು. ಮತ್ತೆ ಚೆಂಡು ಆಕಾಶಕ್ಕೆ. ಇಬ್ಬರ ಹೆಸರಿನ ಮುಂದೆಯೂ ಸೊನ್ನೆ. ಇಂತಹ ಪಂದ್ಯ ಬಲು ಅಪರೂಪ, ಎರಡೂ ಕಡೆಯ ಕಾವಲು ಇಷ್ಟು ಗಟ್ಟಿಯಾಗಿರುವುದನ್ನು ತಾನು ಕಂಡೇ ಇಲ್ಲ ಎಂದು ಅಜಿತ ಉಸಿರು ಬಿಗಿಹಿಡಿದು ಹೇಳುತ್ತಿದ್ದ. ಮೈಸೂರಿನ ಹಾಸ್ಟೆಲಿನಲ್ಲಿ ಕ್ರಿಕೆಟ್ ನೋಡಿ ಬೆಳೆದ ಅವನಿಗೆ ಒಂದು ನಂಬಿಕೆಯಿತ್ತು: ನಮ್ಮವರಿಗೆ ಒಳ್ಳೆಯದಾದ ಗಳಿಗೆಯಲ್ಲಿ ಯಾರು ಎಲ್ಲಿದ್ದರೋ ಅಲ್ಲಿಯೇ ಇರಬೇಕು, ಕದಲಿದರೆ ಅದೃಷ್ಟ ಕದಲುತ್ತದೆ. ಬಿಳಿಯವರ ಕಾವಲು ಮೊದಲ ಬಾರಿಗೆ ದೊಡ್ಡದೊಂದು ದಾಳಿಯನ್ನು ತಡೆದಾಗ ಸುಜಾತಾ ನಲ್ಲಿಯ ಬಳಿ ಪಾತ್ರೆ ತೊಳೆಯುತ್ತಿದ್ದಳು. “ಯಾರೂ ಅಲ್ಲಾಡಬೇಡಿ! ಸುಜಾತಾ, ನೀನೂ ಅಷ್ಟೇ, ಅಲ್ಲೇ ನಿಂತಿರು” ಎಂದು ಅಜಿತ ಕೈಚಾಚಿ ಹೇಳಿದ. ಅವಳು ನಕ್ಕಳೆಂದೇ ನನ್ನ ನೆನಪು. ನಿಂತಳು. ಪಾತ್ರೆಗಳು ಮುಗಿದವು, ಅವಳು ಒರಸುವ ಬಟ್ಟೆ ಕೈಗೆತ್ತಿಕೊಂಡಳು. ಆಟದ ನಡುವಿನ ದೀರ್ಘ ವಿರಾಮದಲ್ಲಿಯೂ, ಸ್ಥಳ ಬಿಡಬಾರದೆಂಬ ನಿಯಮ ಆಗಲೂ ಇದೆಯೇ ಎಂದು ಯಾರೂ ಹೇಳದ್ದರಿಂದ, ಅವಳು ಅಲ್ಲಿಯೇ ಒಣಗಿದ ತಟ್ಟೆಯನ್ನು ಒರಸುತ್ತಿದ್ದಳು.

ನಾನು ಯಾರ ಕಡೆ ಎಂದು ನನ್ನನ್ನು ಯಾರೂ ಕೇಳಿರಲಿಲ್ಲ. ನನಗೂ ತಿಳಿದಿರಲಿಲ್ಲ. ಆದರೆ ನನ್ನ ತುಟಿಗಳಿಗೆ ತಿಳಿದಿತ್ತು. ಮೂಲೆಗೆ ಸಿಕ್ಕ ಯಾವ ಜೀವಿಯನ್ನು ಕಂಡರೂ ಪಂಚನಮಸ್ಕಾರ ಮಂತ್ರವನ್ನು ಹೇಳಬೇಕೆಂದು ನನ್ನ ತಂದೆಯವರು ಎಳವೆಯಲ್ಲಿ ಅಭ್ಯಾಸ ಮಾಡಿಸಿದ್ದರು. ಬೆಕ್ಕಿನ ಬಾಯಿಯಿಂದ ತಪ್ಪಿಸಿಕೊಂಡ ಇಲಿಗೂ, ನಾಯಿಗಳು ಅಟ್ಟಿದ ಮುಂಗುಸಿಗೂ ಹೇಳಿದ್ದೇನೆ; ಕ್ಯಾಂಟನ್ನಿನ ಹೆದ್ದಾರಿಯಂಚಿನಲ್ಲಿ ಬೆದರಿ ನಿಂತ ಜಿಂಕೆಗೂ ಹೇಳಿದ್ದೇನೆ. ಅದು ಬೇಡಿಕೆಯಲ್ಲ, ನಾವು ನಮಸ್ಕರಿಸುವವನು ವೀತರಾಗ, ರಾಗದ್ವೇಷಗಳನ್ನು ಗೆದ್ದವನು, ಅವನು ಗೆಲವು ಕೊಡುವವನೂ ಅಲ್ಲ, ಸೋಲು ಕೊಡುವವನೂ ಅಲ್ಲ. ಆದರೂ ಬಾಯಿ ಹೇಳುತ್ತದೆ. ಆ ಸಂಜೆ ಚೆಂಡು ಯಾರ ಕೈಯಲ್ಲಿಲ್ಲವೋ, ಯಾರು ಎದುರಾಳಿ ದಾಟಬಾರದ ತಮ್ಮ ಕೊನೆಯ ಗೆರೆಯನ್ನು ಬೆನ್ನಿಗಿಟ್ಟುಕೊಂಡು ಬಾಗಿ ನಿಂತಿದ್ದರೋ ಅವರಿಗಾಗಿ ನನ್ನ ತುಟಿ ಅಲುಗುತ್ತಿತ್ತು. ನೀಲಿಯವರು ಕಾದರೆ ನೀಲಿಯವರಿಗೆ. ಬಿಳಿಯವರು ಕಾದರೆ ಬಿಳಿಯವರಿಗೆ. ಬಿಳಿಯವರು ನೀಲಿಯವರ ಗೆರೆಯ ತೀರ ಸಮೀಪಕ್ಕೆ ಹೋಗಿ, ಎಲ್ಲರೂ ಸೋಫಾದ ಅಂಚಿಗೆ ಸರಿದು ಕುಳಿತಿದ್ದಾಗ, ನೀಲಿಯ ಕಾವಲಿನವನೊಬ್ಬ ಎಲ್ಲಿಂದಲೋ ಹಾರಿಬಂದು ಚೆಂಡು ಹಿಡಿದವನನ್ನು ಗೆರೆಯ ಮುಂದೆಯೇ ಕೆಡವಿದ. ಪದ್ಮಿ ಹತಾಶಳಾಗಿ ಈ ಕಡೆ ತಿರುಗಿದಳು. ನನ್ನ ತುಟಿಗಳನ್ನು ನೋಡಿದಳು.

“ತಾತ, ನೀವು ಪ್ರೇ ಮಾಡ್ತಿದೀರಾ?”

ಹೌದೆಂದೆ.

“ಯಾರಿಗೆ?”

“ಕಾಯುವವರಿಗಮ್ಮ.”

ಅವಳ ಕಣ್ಣುಗಳು ಅಗಲವಾದವು. ಮೊದಲಿನಿಂದಲೂ ಹೀಗೆಯೇ ಮಾಡುತ್ತಿರುವಿರಾ, ಎರಡು ಕಡೆಗೂ ಮಾಡುತ್ತಿರುವಿರಾ ಎಂದು ಅವಳು ಕೇಳಿದಳು. ಹೌದು, ಕಾಯುವವರಿಗೆ ಕಡೆಯೆಲ್ಲಿಯದು ಎಂದೆ. ಪದ್ಮಿ ಎರಡೂ ಕೈಗಳನ್ನು ತಲೆಯ ಮೇಲಿಟ್ಟುಕೊಂಡಳು. ಅಜಿತ ಬಿದ್ದುಬಿದ್ದು ನಗತೊಡಗಿದ. ನಜೀರ್ ಸಾಹೇಬರು ನನ್ನ ಮೊಣಕಾಲಿನ ಮೇಲೆ ತಟ್ಟಿ, “ಅದಕ್ಕ ಯಾರೂ ಗೋಲ್ ಹೊಡೀವಲ್ರು! ಪಂಡಿತ್ರ, ಎರಡೂ ಬಾಗಲಕ್ಕ ನೀವ ಅಗಳಿ ಹಾಕ್ಕೋತ ಕುಂತ್ರ ಮ್ಯಾಚು ಮುಗಿಯೂದು ಯಾವಾಗ? ನಾ ಅಂಗಡಿ ತೆಗೀಬೇಕ್ರಿ ನಾಳೆ” ಎಂದರು. ನಾನು ಪದ್ಮಿಗೆ ವಿವರಿಸಲು ಯತ್ನಿಸಿದೆ. ಗೆಲವನ್ನು ಬೇಡುವುದು ನಮ್ಮ ಧರ್ಮದಲ್ಲಿಲ್ಲ, ಒಬ್ಬರ ಪರವಾಗಿ ಇನ್ನೊಬ್ಬರ ವಿರುದ್ಧ ಮಂತ್ರವನ್ನು ಬಳಸಲಾಗದು ಎಂದು. ಆ ಮಗು ಬಹಳ ಮೆಲ್ಲನೆ, ತಂದೆಗೆ ಕೇಳಿಸದಂತೆ, ನನ್ನ ಕಿವಿಯ ಬಳಿ ಹೇಳಿತು: “ಬಟ್ ತಾತ, ಇದು ನಮ್ಮನೆ.” ನನ್ನಲ್ಲಿದ್ದ ಶಾಸ್ತ್ರವೆಲ್ಲ ಆ ಒಂದು ಮಾತಿನ ಮುಂದೆ ತಡವರಿಸಿತು. ಮನೆ ಒಡೆಯದಿರಲಿ ಎಂಬ ಆಸೆ ನನಗೂ ಇತ್ತಲ್ಲವೇ?

ಕೊನೆಯ ಭಾಗದಲ್ಲಿ ಬಿಳಿಯವರು ದೂರದಿಂದ ಚೆಂಡನ್ನು ಒದ್ದು ಎರಡು ಕಂಬಗಳ ನಡುವೆ ದಾಟಿಸಿದರು. ಮೂರು ಅಂಕ. ಆ ಸಂಜೆ ಲೆಕ್ಕಕ್ಕೆ ಬಂದ ಅಂಕ ಅದೊಂದೇ. ಬಳಿಕ ನೀಲಿಯವರು ಕಟ್ಟಕಡೆಯ ದಾಳಿಗೆ ಹೊರಟರು. ಹೆಜ್ಜೆಹೆಜ್ಜೆಯಾಗಿ ಬಿಳಿಯವರ ಗೆರೆಯವರೆಗೆ ಬಂದರು. ಇನ್ನು ಎರಡು ಗಜ, ನಾಲ್ಕು ಪ್ರಯತ್ನ; ಒದ್ದು ಸಮಮಾಡಿಕೊಳ್ಳಲು ಒಪ್ಪದೆ ಗೆರೆ ದಾಟಿಯೇ ಗೆಲ್ಲಲು ನಿಂತರು. ಈಗ ನನ್ನ ಅಭ್ಯಾಸವೂ ಮೊಮ್ಮಗಳ ಆಸೆಯೂ ಒಂದೇ ಕಡೆಗೆ ಬಿದ್ದಿದ್ದವು. ಪದ್ಮಿ ನನ್ನ ಕೈಯನ್ನು ಎರಡೂ ಕೈಗಳಿಂದ ಹಿಡಿದಿದ್ದಳು. ಮೊದಲ ಬಾರಿ ಬಂದವನನ್ನು ಮೂವರು ಎತ್ತಿ ಹಿಂದಕ್ಕೆ ಇಳಿಸಿದರು. ಎರಡನೆಯ ಬಾರಿ ಮೈಗಳ ಒಂದು ಗುಡ್ಡವೇ ಬಿದ್ದಿತು. ಗುಡ್ಡ ಕರಗಿದಾಗ ಚೆಂಡು ಗೆರೆಯ ಈಚೆಯೇ ಇತ್ತು. ಚಂದ್ರಮತಿ “ಎದ್ದನಾ?” ಎಂದಳು. ಮೂರನೆಯ ಬಾರಿ ಎಸೆದ ಚೆಂಡನ್ನು ಯಾರದೋ ಬೆರಳತುದಿ ತಾಗಿ ನೆಲಕ್ಕೆ ಹಾಕಿತು. ನಾಲ್ಕನೆಯ ಬಾರಿ ಏನಾಯಿತೆಂಬುದನ್ನು ನಾನು ನೋಡಲಿಲ್ಲ, ಕಣ್ಣು ಮುಚ್ಚಿದ್ದೆ. ಕೇಳಿದ್ದು ಅಜಿತನ ಕೂಗನ್ನು. ಕಣ್ಣು ತೆರೆದಾಗ ಅವನು ಪದ್ಮಿಯನ್ನು ಎತ್ತಿ ತಿರುಗಿಸುತ್ತಿದ್ದ. ಅವಳು ಅಳುತ್ತ ನಗುತ್ತಿದ್ದಳು. ಬಿಳಿಯವರು ತಡೆದಿದ್ದರು. ಯಾರೂ ಎಲ್ಲಿಗೂ ಹೋಗುವುದಿಲ್ಲವೆಂದು ಪದ್ಮಿ ಅಡುಗೆಮನೆಯ ಕಡೆ ತಿರುಗಿ ಇಂಗ್ಲಿಷಿನಲ್ಲಿ ಕೂಗಿ ಹೇಳಿದಳು. ಅಪ್ಪ ಪ್ರಾಮಿಸ್ ಮಾಡಿದ್ದಾನೆ, ಕೆಲಸ ಬೇಡವೆಂದು ನಾಳೆಯೇ ಅವರಿಗೆ ಹೇಳಿಬಿಡು ಎಂದಳು.

ಸುಜಾತಾ ಕೈಯಲ್ಲಿದ್ದ ತಟ್ಟೆಯನ್ನು ಸದ್ದಾಗದಂತೆ ಕೆಳಗಿಟ್ಟಳು. ಬಟ್ಟೆಯನ್ನು ಮಡಿಚಿ ಅದರ ಪಕ್ಕದಲ್ಲಿಟ್ಟಳು.

“ಇನ್ನು ನಾನು ಇಲ್ಲಿಂದ ಅಲ್ಲಾಡಬಹುದಾ?” ಎಂದಳು.

ಕೋಪವಿರಲಿಲ್ಲ; ಕೇಳಬೇಕಾದದ್ದನ್ನು ಕೇಳುವವಳಂತೆ ಕೇಳಿದಳು. ಅಜಿತ ಮೊದಲು ನಕ್ಕ. ನಗು ಅರ್ಧಕ್ಕೆ ನಿಂತಿತು. ನಜೀರ್ ಸಾಹೇಬರು ತಮ್ಮ ಟೋಪಿಯನ್ನು ಹುಡುಕತೊಡಗಿದರು. ಅದು ಅವರ ತಲೆಯ ಮೇಲೆಯೇ ಇತ್ತು. ಟೀವಿಯಲ್ಲಿ ಬಣ್ಣಬಣ್ಣದ ಕಾಗದದ ಚೂರುಗಳು ಮಳೆಯಂತೆ ಸುರಿಯುತ್ತಿದ್ದವು. ಅವಳು ಕದಲಲಿಲ್ಲ. ಅವಳ ಹಿಂದೆ ಗೋಡೆ, ಮುಂದೆ ನಾವು: ಅವಳ ಗಂಡ, ಅವಳ ಮಗಳು, ಅವಳ ಅತ್ತೆಮಾವ, ಅವಳು ಉಣಿಸುತ್ತಿದ್ದ ಅತಿಥಿ. ಯಾರೂ ಅವಳ ಮೇಲೆ ಬಿದ್ದಿರಲಿಲ್ಲ. ಆದರೂ ಮೈಗಳ ಗುಡ್ಡ ಬಿದ್ದಾಗ ಟೀವಿಯಲ್ಲಿ ಆಗುತ್ತಿದ್ದಂತಹ ಒಂದು ನಿಶ್ಶಬ್ದ ಆ ಕೋಣೆಯಲ್ಲಿ ಆಯಿತು. ಆಗ ಚಂದ್ರಮತಿಯೂ ಏನನ್ನೂ ಕೇಳಲಿಲ್ಲ.

ಪದ್ಮಿ ಇನ್ನೂ ನನ್ನ ಕಡೆಗೇ ನೋಡುತ್ತಿದ್ದಳು.

“ತಾತ,” ಎಂದಳು, “ಗೇಮ್ ಮುಗೀತು. ಈಗ ಯಾರಿಗೆ?”

ನನ್ನ ತುಟಿಗಳು ಅಲುಗುತ್ತಿದ್ದವೆಂಬುದು ನನಗೆ ತಿಳಿದದ್ದೇ ಆಗ. ನನ್ನ ಕಣ್ಣು ಎಲ್ಲಿ ನೆಟ್ಟಿತ್ತೋ ಅಲ್ಲಿಗೆ ಅವಳ ಕಣ್ಣೂ ತಿರುಗಿತು. ಆ ಮಗು ತನ್ನ ತಾಯಿಯನ್ನು ಬಹಳ ಹೊತ್ತು ನೋಡಿತು. ಮೊದಲ ಬಾರಿಗೆ ನೋಡುವಂತೆ ನೋಡಿತು. ಬಳಿಕ ಮೆಲ್ಲನೆ ಹೋಗಿ, ಸುಜಾತಾಳ ಕೈಹಿಡಿದು, ನಿಂತ ಸ್ಥಳದಿಂದ ಅವಳನ್ನು ಈಚೆಗೆ ಕರೆತಂದು ತನ್ನ ಜಾಗದಲ್ಲಿ ಕೂರಿಸಿತು. ಮಾರನೆಯ ಬೆಳಿಗ್ಗೆ, ಶಾಲೆಯ ಬಸ್ಸು ಬರುವ ಮುಂಚೆ, ಅವಳು ತಂದೆಗೆ ಹೇಳಿದ್ದನ್ನು ನಾನು ಮೆಟ್ಟಿಲ ಮೇಲೆ ಕುಳಿತೇ ಕೇಳಿದೆ. ಆ ಪ್ರಾಮಿಸ್ ನನಗೆ ಬೇಡ ಅಪ್ಪ, ಎಂದಳು. ಅಜಿತ ಕಾರಿನ ಕೀಲಿಯನ್ನು ಕೈಗೆತ್ತಿಕೊಂಡು ಕೆಲಸಕ್ಕೆ ಹೊರಟ. ಅಂದು ಸಂಜೆ ಅವನು ಸುಜಾತಾಳಿಗೆ ಹೋಗೆಂದನೋ, ಅವಳೇ ಹೋಗುತ್ತೇನೆಂದಳೋ, ನನಗೆ ಇಂದಿಗೂ ಗೊತ್ತಿಲ್ಲ. ಹಿಮ ಕರಗಿ ನೆಲ ಕಾಣಿಸಿಕೊಂಡ ವಾರದಲ್ಲಿ ತಾಯಿಮಗಳ ಸಾಮಾನು ಕಾರಿಗೇರಿತು. ಹೊರಡುವಾಗ ಸುಜಾತಾ ನಮಗೆ ನಮಸ್ಕರಿಸಿ ಎದ್ದು, “ಮಾವ, ಅವತ್ತು ನೀವು...” ಎಂದು ಆರಂಭಿಸಿ, “ಬಿಡಿ” ಎಂದಳು. ನಾನು ಬಿಟ್ಟೆ. ಬೂಟಿನ ದಾರ ಕಟ್ಟುವುದನ್ನು ಪದ್ಮಿ ಕೊನೆಯ ಬಾರಿಗೆ ನನಗೆ ನಿಧಾನವಾಗಿ ಮಾಡಿ ತೋರಿಸಿದಳು. ಇನ್ನು ಮೇಲೆ ನೀವೇ ಕಟ್ಟಿಕೊಳ್ಳಬೇಕು ತಾತ, ಎಂದಳು. ನನ್ನ ಎರಡನೆಯ ಬಾಲ್ಯ ಮುಗಿದದ್ದು ಅಂದು.

ಮನೆಯೆಂಬುದು ಒಮ್ಮೆಗೇ ಬೀಳುವುದಿಲ್ಲ. ಶುಕ್ರವಾರಗಳಲ್ಲಿ ಅಜಿತ ಹೆದ್ದಾರಿ ಹಿಡಿದು ಪಶ್ಚಿಮಕ್ಕೆ ಹೋಗುತ್ತಿದ್ದ, ಭಾನುವಾರ ಮರಳುತ್ತಿದ್ದ. ಊಟದ ಮೇಜಿನಲ್ಲಿ ನಾವು ಮೂವರು, ಮುಂದಿನ ರಂಜಾನಿನವರೆಗೆ ನಜೀರ್ ಸಾಹೇಬರು ಸೇರಿ ಕೆಲವೊಮ್ಮೆ ನಾಲ್ವರು. ಅವರ ಮಗಳು ಬಾಣಂತನ ಮುಗಿಸಿ ಗಂಡನೊಡನೆ ಟೆಕ್ಸಸ್ಸಿಗೆ ಬಂದಾಗ ಅವರೂ ಅಂಗಡಿ ಮಾರಿ ಅತ್ತ ಹೊರಟರು. ಬೀಳ್ಕೊಳ್ಳುವಾಗ, “ಪಂಡಿತ್ರ, ನಮ್ಮ ಬಾಗಲಕ್ಕೂ ಒಮ್ಮೊಮ್ಮೆ ಅಗಳಿ ಹಾಕ್ರಿ” ಎಂದು ನನ್ನ ಕೈಯನ್ನು ಬಿಡದೆ ಹಿಡಿದಿದ್ದರು. ಈಗ ಅವರಿಲ್ಲ. ಹೊಸ ಶತಮಾನದ ಮೊದಲ ದಶಕ ಮುಗಿಯುವ ಮುಂಚೆ ಕಾರಿನ ಊರುಗಳಿಗೆ ಕೆಟ್ಟ ಕಾಲ ಬಂದಿತು. ಅಜಿತನ ವಿಭಾಗವನ್ನೇ ಮುಚ್ಚಿದರು. ಆಗ ಆ ಮನೆಯನ್ನು ಹಿಡಿದು ನಿಲ್ಲಿಸಲು ಏನೂ ಉಳಿಯಲಿಲ್ಲ; ಅಜಿತನೂ ನಾನೂ ಸುಜಾತಾಳ ಮನೆಗೆ ಬಂದೆವು. ಅಷ್ಟರಲ್ಲಿ ಚಂದ್ರಮತಿಯೂ ಹೊರಟುಹೋಗಿದ್ದಳು. ಸ್ನಾನದ ಮನೆಯಲ್ಲಿ ಅವಳು ಬಿದ್ದ ಬೆಳಿಗ್ಗೆ ಫೋನಿನಲ್ಲಿ ಪದ್ಮಿ ಕೇಳಿದ ಮೊದಲ ಮಾತು, “ಅಜ್ಜಿ ಎದ್ದರಾ?” ಎಂಬುದು. ಹೌದೆಂದು ಹೇಳಲು ನನಗೆ ಸಾಧ್ಯವಾಗಲಿಲ್ಲ. ಸುಜಾತಾಳ ಸಂಪಾದನೆಯ ಆಸರೆಯಿಂದಲೇ ನಾವೆಲ್ಲ ಆ ವರ್ಷಗಳನ್ನು ದಾಟಿದೆವು. ಅಂದು ಆ ಸಂಜೆ ಬಿಳಿಯವರು ಗೆದ್ದರೆಂದು ಅಜಿತ ಕೊಟ್ಟ ಮಾತು ನಿಂತಿದ್ದರೆ ಏನಾಗುತ್ತಿತ್ತೆಂದು ಯೋಚಿಸಿದಾಗಲೆಲ್ಲ ನನ್ನ ತಲೆ ತಿರುಗುತ್ತದೆ. ಆ ಮನೆಯನ್ನು ಕಾಯುತ್ತಿದ್ದವಳೂ ಅವಳೇ, ಅದನ್ನು ಬಿಟ್ಟುಹೋದವಳೂ ಅವಳೇ. ಚೆಂಡು ಯಾರ ಕೈಯಲ್ಲಿತ್ತು, ಗೆರೆ ಎಲ್ಲಿತ್ತು, ತಡೆದವರು ಯಾರು? ನಜೀರ್ ಸಾಹೇಬರಿದ್ದಿದ್ದರೆ ಕಬಡ್ಡಿಯ ಭಾಷೆಯಲ್ಲಿ ವಿವರಿಸುತ್ತಿದ್ದರೇನೋ.

ಅಂಗಡಿಯಲ್ಲಿ ಸುಜಾತಾ ತೊಗರಿಬೇಳೆಯನ್ನು ಗಾಡಿಗೆ ಹಾಕಿ ನನ್ನ ಮುಖ ನೋಡಿದಳು. ಏನೂ ಕೇಳದೆ, ಬಿಚ್ಚದ ಖರ್ಜೂರದ ಪೆಟ್ಟಿಗೆಯೊಂದನ್ನೂ ತಂದು ಹಾಕಿದಳು. ಅದೀಗ ನಮ್ಮ ಊಟದ ಮೇಜಿನ ಆಚೆಯ ಬದಿಯಲ್ಲಿದೆ. ಸಂಜೆ ನಾನು ಕೊನೆಯ ತುತ್ತು ಮುಗಿಸಿ ಕೈ ತೊಳೆದು ಬಂದು ಕುಳಿತುಕೊಳ್ಳುತ್ತೇನೆ. ಎದುರುಮನೆಯ ಗ್ಯಾರೇಜಿನ ಮಾಡನ್ನು ಬೆಳಕು ಬಿಟ್ಟುಹೋಗುತ್ತದೆ. ಇಲ್ಲಿಯೂ ಅಂತಹುದೇ ಒಂದು ಮಾಡು ಇದೆ. ನಮ್ಮದು ಮುಗಿಯುತ್ತದೆ. ಆಚೆ ಯಾರದೂ ಸುರುವಾಗುವುದಿಲ್ಲ. ತುಟಿಗಳು ಅಲುಗುತ್ತವೆ. ಈಗ ಯಾರಿಗೆ ಎಂದು ಕೇಳುವವಳು ದೂರದ ಊರಿನಲ್ಲಿ, ತನ್ನ ಮನೆಯಲ್ಲಿ, ತನ್ನ ಮಗುವಿನ ಬೂಟಿನ ದಾರ ಕಟ್ಟುತ್ತಿದ್ದಾಳೆ.